ಬಂದರಿನಲ್ಲಿ ಹನ್ನೊಂದು ನಿಮಿಷ

ನೆಲಿದಾ ಓಯಾರ್ಸುನ್ ಮೂವತ್ತೊಂದು ವರ್ಷದಲ್ಲಿ
ಮಾಡಿದ್ದು ಆರೇ ಸಿನಿಮಾ.
ಆರೂ ನನ್ನ ಪೆನ್‌ಡ್ರೈವಿನಲ್ಲಿ ಉಂಟು,
ಐಸ್ ಪ್ಲಾಂಟಿನ ಜಿಎಸ್‌ಟಿ ಫೈಲುಗಳ ಪಕ್ಕದಲ್ಲಿ.

ಮೊದಲನೆಯದಕ್ಕೆ ಅಪ್ಪನ ಹೊಲಿಗೆ ಯಂತ್ರ ಹೋಯಿತು.
ಎರಡನೆಯದು ಒಂಬತ್ತು ವರ್ಷ ಡಬ್ಬಿಯಲ್ಲೇ ಮಲಗಿತು:
ಬೆಳಿಗ್ಗೆ ಲೈಟಿನ ಬಾಡಿಗೆಗೆಂದು ಎಣಿಸಿಟ್ಟ ನೋಟು
ಸಂಜೆ ಬ್ರೆಡ್ಡಿಗೂ ಸಾಲದ ಹಾಗೆ
ಅರ್ಜೆಂಟೀನಾದ ದುಡ್ಡೇ ಕರಗಿತಂತೆ.
ಕರಗುವುದನ್ನು ನನಗೆ ಬಿಡಿಸಿ ಹೇಳಬೇಕಾಗಿಲ್ಲ.
ಎಂಟು ಗಂಟೆಗೆ ನಾನು ಬರೆದ ತೂಕ ಹತ್ತಕ್ಕೆ ಸುಳ್ಳು.
ಮೂರನೆಯದರ ಹೊತ್ತಿಗೆ ಅವಳು ಲೆಕ್ಕ ಕಲಿಸುವ ಟೀಚರು,
ನಟರೆಲ್ಲ ಅತ್ತಿಗೆ, ಭಾವ, ಪಕ್ಕದ ಬೀದಿಯ ಗ್ಯಾಸಿನವ.

ಅವಳ ಕ್ಯಾಮೆರಾ ಯಾರ ಹಿಂದೆಯೂ ಓಡುವುದಿಲ್ಲ.
ಜನ ಎದ್ದು ಹೋದ ಮೇಲೂ ಕೂತೇ ಇರುತ್ತದೆ,
ಬೊಜ್ಜದ ಊಟ ಮುಗಿದರೂ ಏಳದ ದೂರದ ಸಂಬಂಧಿಯ ಹಾಗೆ.
ಅಳುವವಳ ಮುಖ ತೋರಿಸುವುದಿಲ್ಲ, ಬೆನ್ನು.
ಒಮ್ಮೊಮ್ಮೆ ಬೆನ್ನೂ ಇಲ್ಲ,
ಅವಳು ಒಲೆಯ ಮೇಲೆ ಮರೆತ ನೀರು.
ಅದು ಕುದಿಯುವ ತನಕ ನಾವೂ ಕಾಯಬೇಕು.
ಶಬ್ದ ಮಾತ್ರ ಮುಂಚೆ ಬರುತ್ತದೆ,
ಬಾಗಿಲು ಕಿರುಗುಟ್ಟಿ ಎಷ್ಟೋ ಹೊತ್ತಾದ ಮೇಲೆ ಬಾಗಿಲು.
ಶಬ್ದ ಹಿಡಿಯುವುದು ಅವಳೇ. ಆ ಮೈಕನ್ನು
ಇನ್ನೊಬ್ಬರ ಕೈಗೆ ಕೊಟ್ಟದ್ದಿಲ್ಲ.

ಆರನೆಯದಕ್ಕೆ ಕನ್ನಡದ ಸಾಲು ಕಟ್ಟಿದ್ದು ನಾನು.
ಅದರಲ್ಲಿ ಮುದುಕಿಯೊಬ್ಬಳು ಹದಿನೇಳು ಸಲ
ಬುಯೆನೊ ಅನ್ನುತ್ತಾಳೆ. ಇಂಗ್ಲಿಷಿನವರು ಹದಿನೇಳಕ್ಕೂ
ಒಂದೇ ಓಕೆ ಬರೆದು ಕೈ ತೊಳೆದುಕೊಂಡಿದ್ದರು.
ನಾನು ಎರಡು ವಾರ ಕೂತೆ.
ಆಯ್ತು. ಇರ್ಲಿ. ಹೌದಾ. ಸಾಕಿನ್ನು.
ಹೋಗ್ಲಿ ಬಿಡಿ. ಮತ್ತೆ?
ಕೊನೆಯದಕ್ಕೆ ಎಂತದೂ ಸಿಗದೆ ಜಾಗ ಖಾಲಿ ಬಿಟ್ಟೆ.

ಬಂದರಿನ ಹಳೇ ಗೋದಾಮಿನ ಮಹಡಿ, ಮಂಗಳವಾರ.
ಹಗಲು ಅಲ್ಲಿ ಎಂಬ್ರಾಯ್ಡರಿ ಕ್ಲಾಸು,
ಕುರ್ಚಿ ತುಂಬ ನೂಲಿನ ಚೂರು.
ಬಂದವರು ಒಂಬತ್ತು: ಜೆಪ್ಪುವಿನ ಐವಿ ಕುಟಿನ್ಹಾ,
ಬೆಂಗ್ರೆಯಿಂದ ದೋಣಿ ದಾಟಿ ಬಂದ ಇಬ್ಬರು ಹುಡುಗರು,
ಮೆಣಸಿನ ಮಂಡಿಯ ಮೋನಬ್ಬ. ಅವರು ಬರುವುದು
ಫ್ಯಾನಿಗೆ ಎಂದು ಅವರೇ ಹೇಳುತ್ತಾರೆ.
ನಲವತ್ತನೇ ನಿಮಿಷಕ್ಕೆ ಕರೆಂಟು ಹೋಯಿತು.

ಯಾರೂ ಏಳಲಿಲ್ಲ.
ನನ್ನ ಲ್ಯಾಪ್‌ಟಾಪಿನ ಬ್ಯಾಟರಿ ಸತ್ತು ವರ್ಷವಾಗಿದೆ,
ಹೇಳಬೇಕೆಂದು ಬಾಯಿ ತೆರೆದೆ, ಮುಚ್ಚಿದೆ.
ನೆಲಿದಾ ಪರದೆಯನ್ನು ಕಪ್ಪು ಮಾಡಿಬಿಡುವುದು
ಇವರಿಗೆ ಅಭ್ಯಾಸವಾಗಿತ್ತು.
ಫ್ಯಾನು ನಿಂತದ್ದು ಮೋನಬ್ಬರಿಗೆ ಮಾತ್ರ ಗೊತ್ತಾಯಿತು,
ನಿದ್ದೆಯಲ್ಲೇ ಮಗ್ಗುಲಾದರು.
ಕತ್ತಲೆಯೊಳಗೆ ಒಂದೊಂದಾಗಿ ಬಂದವು
ಬೋಟಿನ ಹೊಟ್ಟೆಗೆ ಟಯರು ಉಜ್ಜುವುದು,
ಯಾರೋ ಚಪ್ಪಲಿ ಕೊಡವಿದ್ದು,
ದೂರ ದಕ್ಕೆಯಲ್ಲಿ ನಮ್ಮ ಜನರೇಟರು ಕೆಮ್ಮಿ ಎದ್ದದ್ದು,
ಆಮೇಲೆ ಐಸು ಪುಡಿಯಾಗುವ ಜರ್ರ್.
ಇಪ್ಪತ್ತೆರಡು ವರ್ಷ ಅದರ ಪಕ್ಕ ಕೂತು ಲೆಕ್ಕ ಬರೆದವ ನಾನು,
ಕೇಳಿದ್ದು ಅವತ್ತೇ.

ಲ್ಯಾಪ್‌ಟಾಪಿನ ನೀಲಿ ಮತ್ತೆ ಬೆಳಗಿದಾಗ
ಹುಡುಗರು ಹೋ ಎಂದು ನಕ್ಕರು.
ಐವಿ ಟೀಚರು ನಗಲಿಲ್ಲ,
'ಅದೇ ಒಳ್ಳೆದಿತ್ತು ಮಾರಾಯ್ರೆ' ಅಂದರು,
ಯಾರಿಗೆ ಅಂದದ್ದೋ ಗೊತ್ತಿಲ್ಲ.

ಎಲ್ಲವನ್ನೂ ನೆಲಿದಾಳಿಗೆ ಬರೆದು ಕ್ಷಮೆ ಕೇಳಿದೆ.
ನಿಮ್ಮ ಸಿನಿಮಾ ಮಂಗಳೂರಿನಲ್ಲಿ
ಹನ್ನೊಂದು ನಿಮಿಷ ಉದ್ದವಾಯಿತು ಎಂದೆ.
ಮೂರು ವಾರ ಬಿಟ್ಟು ಬಂತು ಎರಡೇ ಸಾಲು:
ತೆಗೆಯಬೇಡಿ.
ಆ ಭಾಗಕ್ಕೆ ಶಬ್ದ ಯಾರದ್ದು, ಹೆಸರು ಹಾಕಬೇಕು.

ಇವತ್ತು ಪಾಳಿ ಪಟ್ಟಿ ತೆಗೆದು ನೋಡಿದೆ.
ಆ ಮಂಗಳವಾರ ಕ್ರಶರಿನಲ್ಲಿ ಇದ್ದದ್ದು ದೂಮಪ್ಪ.
ಕರೆದು ಕೇಳಿದರೆ,
ಸಂಬಳ ಎಲ್ಲಿಯಾದರೂ ಕಟ್ಟಾಗ್ತದಾ ಅಂತ ನೋಡುತ್ತಾ
ಒದ್ದೆ ಕೈ ಒರೆಸಿಕೊಂಡು
ಬಾಗಿಲಲ್ಲೇ ನಿಂತ.